ಉಪಕ್ರಮ ಮತ್ತು ಹೊಣೆ: ಸ್ವತಂತ್ರ ಚಲನಚಿತ್ರ ನಿರ್ಮಾಪಕರಾಗಿ ಪಟ್ಟಾಭಿರಾಮ ರೆಡ್ಡಿ

ಕನ್ನಡ ಸಾಹಿತ್ಯ ಕೃತಿಗಳನ್ನು ಆಧರಿಸಿದ ಚಲನಚಿತ್ರಗಳ ಅಧ್ಯಯನ ವಿಶ್ವವಿದ್ಯಾಲಯಗಳ ಕನ್ನಡ ವಿಭಾಗಗಳಲ್ಲಿ ಬಹುಕಾಲದಿಂದ ನಡೆದುಬಂದಿದೆ. ಈ ಅಧ್ಯಯನಗಳಲ್ಲಿ ಹೆಚ್ಚಿನವು ಒಂದು ನಿರ್ದಿಷ್ಟ ಕ್ರಮವನ್ನು ಅನುಸರಿಸುತ್ತವೆ. ಮೊದಲು ಕಾದಂಬರಿಯ ವಸ್ತು, ಪಾತ್ರ ಮತ್ತು ತಂತ್ರಗಳ ವಿವೇಚನೆ ನಡೆಯುತ್ತದೆ. ಅನಂತರ ಚಿತ್ರಕಥೆಯಲ್ಲಿ ಆದ ಬದಲಾವಣೆಗಳ ಪಟ್ಟಿ ಬರುತ್ತದೆ. ಕೊನೆಗೆ ನಿರ್ದೇಶಕನು ಮೂಲಕ್ಕೆ ಎಷ್ಟರಮಟ್ಟಿಗೆ ನಿಷ್ಠನಾಗಿದ್ದಾನೆ ಎಂಬ ತೀರ್ಮಾನವಿರುತ್ತದೆ. ಲೇಖಕ, ಚಿತ್ರಕಥೆಗಾರ, ನಿರ್ದೇಶಕ ಈ ಮೂವರ ನಡುವೆಯೇ ಚರ್ಚೆ ಮುಗಿಯುತ್ತದೆ. ಆ ಕಾದಂಬರಿಯನ್ನು ಚಿತ್ರವಾಗಿಸಬೇಕೆಂದು ನಿರ್ಧರಿಸಿದವರು ಯಾರು, ಅದಕ್ಕೆ ಬೇಕಾದ ಜನರನ್ನು ಒಂದೆಡೆ ಸೇರಿಸಿದವರು ಯಾರು, ಚಿತ್ರಕ್ಕೆ ಅಡ್ಡಿ ಬಂದಾಗ ಎದುರು ನಿಂತವರು ಯಾರು ಎಂಬ ಪ್ರಶ್ನೆಗಳು ಕೇಳಿಬರುವುದು ವಿರಳ. ನಿರ್ಮಾಪಕನೆಂದರೆ ಹಣ ಹಾಕುವವನು, ಹಣದ ವಿಚಾರ ಸಾಹಿತ್ಯದ ವಿದ್ಯಾರ್ಥಿಗೆ ಸಂಬಂಧಿಸಿದ್ದಲ್ಲ ಎಂಬ ಗ್ರಹಿಕೆ ಇದಕ್ಕೆ ಕಾರಣವಾಗಿರಬಹುದು.

ಈ ಗ್ರಹಿಕೆ ಎಷ್ಟು ಅಪೂರ್ಣವಾದುದೆಂಬುದನ್ನು ತಿಕ್ಕವರಪು ಪಟ್ಟಾಭಿರಾಮ ರೆಡ್ಡಿ (1919-2006) ಅವರ ವೃತ್ತಿಜೀವನ ತೋರಿಸಿಕೊಡುತ್ತದೆ. ತೆಲುಗಿನ ಕವಿಯಾಗಿ ಬರವಣಿಗೆ ಆರಂಭಿಸಿ, ತೆಲುಗು ಚಿತ್ರೋದ್ಯಮದಲ್ಲಿ ನಿರ್ಮಾಪಕರಾಗಿ ಅನುಭವ ಪಡೆದು, 1970ರಲ್ಲಿ ‘ಸಂಸ್ಕಾರ’ದ ಮೂಲಕ ಕನ್ನಡಕ್ಕೆ ಬಂದ ಅವರು, ಕನ್ನಡದ ಹೊಸ ಅಲೆಯ ಚಿತ್ರಗಳ ಮೊದಲ ನಿರ್ಮಾಪಕರು. ಅವರ ವೃತ್ತಿಜೀವನವನ್ನು ಹಂತಹಂತವಾಗಿ ಪರಿಶೀಲಿಸಿ, ‘ಸ್ವತಂತ್ರ ನಿರ್ಮಾಪಕ’ ಎಂಬ ಪದದ ಅರ್ಥವ್ಯಾಪ್ತಿಯನ್ನು ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

1. ನಿರ್ಮಾಪಕ: ಕಾನೂನಿನ ಕರ್ತೃ, ವಿಮರ್ಶೆಯ ಅನಾಮಿಕ

ಭಾರತದ 1957ರ ಹಕ್ಕುಸ್ವಾಮ್ಯ ಅಧಿನಿಯಮವು ಸಾಹಿತ್ಯ ಕೃತಿಗೆ ಅದನ್ನು ರಚಿಸಿದವನನ್ನು ಕರ್ತೃವೆಂದು ಕರೆಯುತ್ತದೆ. ಚಲನಚಿತ್ರಕ್ಕೆ ಅದು ಕರ್ತೃವೆಂದು ಹೆಸರಿಸುವುದು ನಿರ್ಮಾಪಕನನ್ನು. ಅಂದರೆ ಕಾನೂನಿನ ದೃಷ್ಟಿಯಲ್ಲಿ ‘ಸಂಸ್ಕಾರ’ ಕಾದಂಬರಿಯ ಕರ್ತೃ ಯು. ಆರ್. ಅನಂತಮೂರ್ತಿ. ‘ಸಂಸ್ಕಾರ’ ಚಿತ್ರದ ಕರ್ತೃ ಚಿತ್ರಕಥೆ ಬರೆದವರೂ ಅಲ್ಲ, ಛಾಯಾಗ್ರಾಹಕರೂ ಅಲ್ಲ, ಅದರ ನಿರ್ಮಾಪಕರು. ಇದೇ ಅಧಿನಿಯಮಕ್ಕೆ 1994ರಲ್ಲಿ ತಂದ ತಿದ್ದುಪಡಿಯು ನಿರ್ಮಾಪಕನ ವ್ಯಾಖ್ಯೆಯನ್ನೂ ಒದಗಿಸಿತು. ಕೃತಿಯ ತಯಾರಿಕೆಗೆ ಉಪಕ್ರಮವನ್ನೂ ಹೊಣೆಯನ್ನೂ ವಹಿಸಿಕೊಳ್ಳುವ ವ್ಯಕ್ತಿಯೇ ನಿರ್ಮಾಪಕ ಎಂಬುದು ಆ ವ್ಯಾಖ್ಯೆಯ ಸಾರ. ಗಮನಿಸಬೇಕಾದ ಸಂಗತಿಯೆಂದರೆ, ಈ ವ್ಯಾಖ್ಯೆಯಲ್ಲಿ ಬಂಡವಾಳದ ಮಾತೇ ಇಲ್ಲ. ಉಪಕ್ರಮ ಮತ್ತು ಹೊಣೆ ಇವೆರಡೇ ಅದರ ತಿರುಳು.

ವಾಣಿಜ್ಯ ಚಿತ್ರೋದ್ಯಮದಲ್ಲಿ ಈ ಎರಡೂ ಹಲವರ ನಡುವೆ ಹಂಚಿಹೋಗಿರುತ್ತವೆ. ಚಿತ್ರ ಆರಂಭವಾಗುವ ಮುನ್ನವೇ ವಿತರಕನು ನಾಯಕನಟನ ಹೆಸರು, ಹಾಡುಗಳ ಸಂಖ್ಯೆ, ಸಂಗೀತ ನಿರ್ದೇಶಕನ ಖ್ಯಾತಿ ಇವುಗಳನ್ನು ನೋಡಿ ಮುಂಗಡ ಕೊಡುತ್ತಾನೆ. ಆ ಮುಂಗಡವನ್ನು ಆಧಾರವಾಗಿಟ್ಟುಕೊಂಡು ಲೇವಾದೇವಿಗಾರರಿಂದ ಸಾಲ ಬರುತ್ತದೆ. ಸ್ಟುಡಿಯೊ ಮತ್ತು ಸಂಸ್ಕರಣಾಲಯಗಳ ಬಾಕಿಯನ್ನು ಚಿತ್ರದ ಬಿಡುಗಡೆಯ ಹೊತ್ತಿಗೆ ತೀರಿಸಲಾಗುತ್ತದೆ. ಹೀಗೆ ನಿರ್ಮಾಪಕನ ಹೊಣೆ ಹಗುರವಾಗುತ್ತದೆ. ಜೊತೆಗೆ ಅವನ ಉಪಕ್ರಮವೂ ಕುಗ್ಗುತ್ತದೆ, ಏಕೆಂದರೆ ಯಾವ ಕಥೆ, ಯಾವ ನಟ, ಎಷ್ಟು ಹಾಡು ಎಂಬುದನ್ನು ಮುಂಗಡ ಕೊಟ್ಟವರೇ ಪರೋಕ್ಷವಾಗಿ ನಿರ್ಧರಿಸಿರುತ್ತಾರೆ. ತಾರೆಯೂ ಹಾಡೂ ಇಲ್ಲದ ಚಿತ್ರಕ್ಕೆ ಮುಂಗಡ ಹುಟ್ಟುವುದಿಲ್ಲ. ಅಂಥ ಚಿತ್ರವನ್ನು ಮಾಡಹೊರಟವನು ಎರಡನ್ನೂ ಇಡಿಯಾಗಿ ತಾನೇ ಹೊರಬೇಕಾಗುತ್ತದೆ. ಸ್ವತಂತ್ರ ನಿರ್ಮಾಪಕನೆಂಬ ಪದಕ್ಕೆ ಇದೇ ಸರಿಯಾದ ಅರ್ಥ. ಇಲ್ಲಿ ಸ್ವಾತಂತ್ರ್ಯವೆಂದರೆ ನಷ್ಟವನ್ನು ಹಂಚಿಕೊಳ್ಳಲು ಯಾರೂ ಇಲ್ಲದ ಸ್ಥಿತಿಯೂ ಹೌದು.

2. ನೆಲ್ಲೂರಿನಿಂದ ಮದ್ರಾಸಿಗೆ

ಪಟ್ಟಾಭಿರಾಮ ರೆಡ್ಡಿಯವರು 1919ರಲ್ಲಿ ನೆಲ್ಲೂರಿನ ಅನುಕೂಲಸ್ಥ ಕುಟುಂಬವೊಂದರಲ್ಲಿ ಜನಿಸಿದರು. ಅಮೆರಿಕದ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿಯೂ ವಿದ್ಯಾಭ್ಯಾಸ ಮಾಡಿದ್ದರು. ಚಲನಚಿತ್ರಕ್ಕೆ ಬರುವ ಮೊದಲೇ ಅವರು ತೆಲುಗು ಸಾಹಿತ್ಯದಲ್ಲಿ ‘ಪಟ್ಟಾಭಿ’ ಎಂಬ ಹೆಸರಿನಿಂದ ಪರಿಚಿತರಾಗಿದ್ದರು. 1939ರಲ್ಲಿ ಪ್ರಕಟವಾದ ಅವರ ‘ಫಿಡೇಲು ರಾಗಾಲ ಡಜನ್’ ಎಂಬ ಹನ್ನೆರಡು ಕವಿತೆಗಳ ಸಂಕಲನವು ಛಂದಸ್ಸಿನ ಕಟ್ಟುಗಳನ್ನು ಬಹಿರಂಗವಾಗಿ ಧಿಕ್ಕರಿಸಿತು. ನಗರಜೀವನದ ನುಡಿಗಟ್ಟನ್ನೂ ಇಂಗ್ಲಿಷ್ ಪದಗಳನ್ನೂ ಸಂಕೋಚವಿಲ್ಲದೆ ಬಳಸಿತು. ಕನ್ನಡದಲ್ಲಿ ನವ್ಯಕಾವ್ಯದ ದಿಕ್ಕನ್ನು ಸ್ಪಷ್ಟಪಡಿಸಿದ ಗೋಪಾಲಕೃಷ್ಣ ಅಡಿಗರ ‘ಚಂಡೆಮದ್ದಳೆ’ ಪ್ರಕಟವಾದದ್ದು 1954ರಲ್ಲಿ. ಈ ಎರಡು ಸಂಕಲನಗಳ ನಡುವೆ ನೇರ ಸಂಬಂಧವೇನೂ ಇಲ್ಲ. ಆದರೆ ಮುಂದೆ ಕನ್ನಡದ ನವ್ಯ ಕಾದಂಬರಿಯೊಂದನ್ನು ಚಿತ್ರವಾಗಿಸಲು ಮುಂದಾದ ವ್ಯಕ್ತಿಯು ಸಾಹಿತ್ಯದಲ್ಲಿ ಸಂಪ್ರದಾಯಭಂಜನೆಯ ಅರ್ಥವನ್ನು ತನ್ನ ಭಾಷೆಯಲ್ಲಿ ಮೂರು ದಶಕಗಳಷ್ಟು ಮೊದಲೇ ಕಂಡುಕೊಂಡವರಾಗಿದ್ದರು ಎಂಬುದು ಮುಖ್ಯ.

ನಿರ್ಮಾಪಕರಾಗಿ ಅವರ ಮೊದಲ ಹಂತ ಮದ್ರಾಸಿನಲ್ಲಿ ನಡೆಯಿತು. ತೆಲುಗಿನ ಪ್ರಸಿದ್ಧ ನಿರ್ದೇಶಕ ಕೆ. ವಿ. ರೆಡ್ಡಿಯವರೊಂದಿಗೆ ಜಯಂತಿ ಪಿಕ್ಚರ್ಸ್ ಸಂಸ್ಥೆಯಲ್ಲಿ ಅವರು ಪಾಲುದಾರರಾಗಿದ್ದರು. ಈ ಸಂಸ್ಥೆಯಿಂದ ‘ಪೆಳ್ಳಿನಾಟಿ ಪ್ರಮಾಣಾಲು’ (1958), ‘ಶ್ರೀ ಕೃಷ್ಣಾರ್ಜುನ ಯುದ್ಧಮು’ (1963), ‘ಭಾಗ್ಯಚಕ್ರಮು’ (1968) ಎಂಬ ಚಿತ್ರಗಳು ಬಂದವು. ಮೊದಲನೆಯದಕ್ಕೆ ರಾಷ್ಟ್ರಪತಿಗಳ ಬೆಳ್ಳಿಪದಕ ದೊರೆಯಿತು. ಎರಡನೆಯದರಲ್ಲಿ ಎನ್. ಟಿ. ರಾಮರಾವ್ ಕೃಷ್ಣನಾಗಿಯೂ ಅಕ್ಕಿನೇನಿ ನಾಗೇಶ್ವರರಾವ್ ಅರ್ಜುನನಾಗಿಯೂ ನಟಿಸಿದರು. ತಾರೆಯರು, ಸ್ಟುಡಿಯೊ ಸೆಟ್ಟುಗಳು, ಹಾಡುಗಳು ಎಲ್ಲವೂ ಕೂಡಿದ್ದ ವ್ಯವಸ್ಥೆ ಅದು. ಹೊಸ ಅಲೆಯ ನಿರ್ಮಾಪಕರನ್ನು ಉದ್ಯಮದ ಅರಿವಿಲ್ಲದ ಹವ್ಯಾಸಿಗಳೆಂದು ಭಾವಿಸುವುದುಂಟು. ಪಟ್ಟಾಭಿರಾಮ ರೆಡ್ಡಿಯವರ ವಿಷಯದಲ್ಲಿ ಇದು ನಿಜವಲ್ಲ. ಅವರು ಉದ್ಯಮವನ್ನು ಒಳಗಿನಿಂದ ಬಲ್ಲವರಾಗಿದ್ದು, ತಿಳಿದೇ ಅದರಿಂದ ಹೊರಬಂದರು.

ಮದ್ರಾಸಿನ ಈ ವರ್ಷಗಳಲ್ಲಿಯೇ ಅವರ ಬದುಕಿನ ಮತ್ತೆರಡು ಎಳೆಗಳು ಗಟ್ಟಿಯಾದವು. ಮೊದಲನೆಯದು ರಂಗಭೂಮಿ. ಅವರ ಪತ್ನಿ ಸ್ನೇಹಲತಾ ರೆಡ್ಡಿ ‘ಮದ್ರಾಸ್ ಪ್ಲೇಯರ್ಸ್’ ಎಂಬ ಇಂಗ್ಲಿಷ್ ನಾಟಕ ತಂಡದ ಸಂಸ್ಥಾಪಕರಲ್ಲಿ ಒಬ್ಬರು. ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ಸಿನ ಮದ್ರಾಸು ಕಚೇರಿಯಲ್ಲಿ ಉದ್ಯೋಗದಲ್ಲಿದ್ದ ಗಿರೀಶ ಕಾರ್ನಾಡರು ಇದೇ ತಂಡದಲ್ಲಿ ಸಕ್ರಿಯರಾಗಿದ್ದರು. ಎರಡನೆಯದು ರಾಜಕೀಯ. ದಂಪತಿಗಳಿಬ್ಬರೂ ರಾಮಮನೋಹರ ಲೋಹಿಯಾ ಅವರ ಸಮಾಜವಾದಿ ವಿಚಾರಗಳಿಗೆ ಒಲಿದವರು. ಲೋಹಿಯಾ 1967ರಲ್ಲಿ ನಿಧನರಾದರು. ಮೂರು ವರ್ಷಗಳ ನಂತರ ‘ಸಂಸ್ಕಾರ’ವನ್ನು ನಿರ್ಮಿಸಿದ ಸಂಸ್ಥೆಗೆ ‘ರಾಮಮನೋಹರ ಚಿತ್ರ’ ಎಂಬ ಹೆಸರನ್ನಿಟ್ಟದ್ದು ಆ ನಿಷ್ಠೆಯ ಸೂಚನೆ. ಕುಲದೇವತೆಯ ಅಥವಾ ಮನೆಯವರ ಹೆಸರಿನಲ್ಲಿ ಚಿತ್ರಸಂಸ್ಥೆಗಳು ನೋಂದಣಿಯಾಗುತ್ತಿದ್ದ ಕಾಲದಲ್ಲಿ ಜಾತಿವಿನಾಶವನ್ನು ರಾಜಕೀಯದ ಕೇಂದ್ರಕ್ಕೆ ತಂದ ಚಿಂತಕನೊಬ್ಬನ ಹೆಸರು ಚಿತ್ರದ ಮೊದಲ ಫಲಕದಲ್ಲಿ ಕಾಣಿಸಿಕೊಂಡಿತು.

3. ‘ಸಂಸ್ಕಾರ’: ಆಯ್ಕೆಗಳ ಸರಣಿ

ಅನಂತಮೂರ್ತಿಯವರು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನಲ್ಲಿ ಸಂಶೋಧನ ವಿದ್ಯಾರ್ಥಿಯಾಗಿದ್ದಾಗ ಬರೆದ ‘ಸಂಸ್ಕಾರ’ 1965ರಲ್ಲಿ ಪ್ರಕಟವಾಯಿತು. ಮಾಧ್ವ ಬ್ರಾಹ್ಮಣರ ಅಗ್ರಹಾರವಾದ ದೂರ್ವಾಸಪುರದಲ್ಲಿ ಆಚಾರಭ್ರಷ್ಟನಾದ ನಾರಣಪ್ಪ ಪ್ಲೇಗಿನಿಂದ ಸಾಯುತ್ತಾನೆ. ಅವನ ಶವಸಂಸ್ಕಾರವನ್ನು ಯಾರು ಮಾಡಬೇಕೆಂಬ ಪ್ರಶ್ನೆಗೆ ಶಾಸ್ತ್ರದಲ್ಲಿ ಉತ್ತರ ಹುಡುಕುತ್ತ ಹೋದ ಪ್ರಾಣೇಶಾಚಾರ್ಯರು, ನಾರಣಪ್ಪನ ಸಂಗಾತಿಯಾಗಿದ್ದ ಚಂದ್ರಿಯ ಸಂಪರ್ಕದಿಂದಾಗಿ ತಮ್ಮನ್ನೇ ಪ್ರಶ್ನಿಸಿಕೊಳ್ಳುವ ಸ್ಥಿತಿಗೆ ಬರುತ್ತಾರೆ. ಕಾದಂಬರಿ ಪ್ರಕಟವಾದ ದಿನಗಳಿಂದಲೇ ವಾದವಿವಾದಗಳಿಗೆ ಕಾರಣವಾಗಿತ್ತು. ಅದನ್ನು ಚಿತ್ರವಾಗಿಸಲು ಆರಿಸಿಕೊಂಡದ್ದೇ ನಿರ್ಮಾಪಕನ ಮೊದಲ ಉಪಕ್ರಮ.

ಎರಡನೆಯದು ಜನರ ಆಯ್ಕೆ. ಚಿತ್ರಕಥೆಯನ್ನು ಕಾರ್ನಾಡರು ಬರೆದರು, ಪ್ರಾಣೇಶಾಚಾರ್ಯರ ಪಾತ್ರವನ್ನೂ ವಹಿಸಿದರು. ‘ಯಯಾತಿ’ ಮತ್ತು ‘ತುಘಲಕ್’ ನಾಟಕಗಳಿಂದ ಆ ವೇಳೆಗೆ ಹೆಸರಾಗಿದ್ದ ಅವರಿಗೆ ಇದು ಮೊದಲ ಚಿತ್ರ. ನಾರಣಪ್ಪನಾಗಿ ಪಿ. ಲಂಕೇಶರೂ ಚಂದ್ರಿಯಾಗಿ ಸ್ನೇಹಲತಾ ರೆಡ್ಡಿಯವರೂ ನಟಿಸಿದರು. ರಂಗಭೂಮಿಯ ಸಿ. ಎಚ್. ಲೋಕನಾಥರು ಈ ಚಿತ್ರದ ಮೂಲಕವೇ ಬೆಳ್ಳಿತೆರೆಗೆ ಬಂದರು. ಛಾಯಾಗ್ರಹಣ ಆಸ್ಟ್ರೇಲಿಯಾದ ಟಾಮ್ ಕೊವಾನ್ ಅವರದು. ಕಲಾನಿರ್ದೇಶನವನ್ನು ಚೋಳಮಂಡಲ ಕಲಾಗ್ರಾಮದ ಎಸ್. ಜಿ. ವಾಸುದೇವ್ ವಹಿಸಿಕೊಂಡರು. ಸಂಗೀತ ರಾಜೀವ ತಾರಾನಾಥರದು. ಸರೋದ್ ವಾದಕರೂ ಇಂಗ್ಲಿಷ್ ಅಧ್ಯಾಪಕರೂ ಸಾಹಿತ್ಯ ವಿಮರ್ಶಕರೂ ಆಗಿದ್ದ ಅವರು, ನಿಜಾಮರ ಆಳ್ವಿಕೆಯಲ್ಲಿ ರಾಯಚೂರಿನಲ್ಲಿ ಹಮ್‌ದರ್ದ್ ಶಾಲೆಯನ್ನು ಕಟ್ಟಿದ ಪಂಡಿತ ತಾರಾನಾಥರ ಪುತ್ರರು. ಕಾರ್ಯನಿರ್ವಾಹಕ ನಿರ್ದೇಶಕರಾಗಿ ಕೆಲಸ ಮಾಡಿದ ಸಿಂಗೀತಂ ಶ್ರೀನಿವಾಸರಾವ್ ಅವರು ಕೆ. ವಿ. ರೆಡ್ಡಿಯವರ ಬಳಿ ಪಳಗಿದವರು. ನಿರ್ದೇಶನದ ಹೆಸರು ಪಟ್ಟಾಭಿರಾಮ ರೆಡ್ಡಿಯವರದೇ.

ಈ ಪಟ್ಟಿಯನ್ನು ಕೇವಲ ಮಾಹಿತಿಯಾಗಿ ಓದಬಾರದು. ಇದರಲ್ಲಿ ಸಿಂಗೀತಂ ಅವರೊಬ್ಬರ ಹೊರತು ಹೆಚ್ಚಿನವರು ವೃತ್ತಿ ಚಿತ್ರರಂಗದ ಹೊರಗಿನವರು. ಸಾಹಿತ್ಯ, ರಂಗಭೂಮಿ, ಚಿತ್ರಕಲೆ, ಶಾಸ್ತ್ರೀಯ ಸಂಗೀತ ಇವು ತಮ್ಮ ತಮ್ಮ ಕ್ಷೇತ್ರಗಳಲ್ಲಿ ಆಧುನಿಕತೆಯೊಡನೆ ಪ್ರತ್ಯೇಕವಾಗಿ ಸೆಣಸುತ್ತಿದ್ದವು. ಈ ನಾಲ್ಕೂ ಒಂದು ಕನ್ನಡ ಕೃತಿಯ ಸುತ್ತ ಸೇರಿದ್ದು ತಾನಾಗಿ ನಡೆದ ಸಂಗತಿಯಲ್ಲ. ಹೀಗೆ ಸೇರಿಸುವುದೇ ನಿರ್ಮಾಪಕನ ಸೃಜನಶೀಲ ಕೆಲಸ. ಕಾದಂಬರಿಕಾರನು ಪದಗಳನ್ನು ಜೋಡಿಸುವಂತೆ ನಿರ್ಮಾಪಕನು ಜನರನ್ನು ಜೋಡಿಸುತ್ತಾನೆ. ಯಾರ ಪಕ್ಕದಲ್ಲಿ ಯಾರು ನಿಲ್ಲುತ್ತಾರೆ ಎಂಬುದರ ಮೇಲೆ ಚಿತ್ರದ ಸ್ವರೂಪ ನಿರ್ಧಾರವಾಗುತ್ತದೆ.

ಮೂರನೆಯ ಉಪಕ್ರಮ ಚಿತ್ರೀಕರಣದ ರೀತಿಗೆ ಸಂಬಂಧಿಸಿದ್ದು. ಕನ್ನಡ ಚಿತ್ರಗಳಲ್ಲಿ ಬಹುಪಾಲು ಇನ್ನೂ ಮದ್ರಾಸಿನ ಸ್ಟುಡಿಯೊಗಳಲ್ಲಿಯೇ ತಯಾರಾಗುತ್ತಿದ್ದ ದಿನಗಳವು. ‘ಸಂಸ್ಕಾರ’ದ ಚಿತ್ರೀಕರಣ ಶೃಂಗೇರಿಗೆ ಸಮೀಪದ ವೈಕುಂಠಪುರ ಎಂಬ ಊರಿನಲ್ಲಿ ನಡೆಯಿತು. ಅಗ್ರಹಾರದ ಮನೆಗಳು, ಕಾಡು, ಹೊಳೆ ಎಲ್ಲವೂ ಇದ್ದ ಹಾಗೆಯೇ ಕ್ಯಾಮೆರಾದೊಳಗೆ ಬಂದವು. ಹಾಡುಗಳಿಲ್ಲ, ಹಾಸ್ಯದ ಉಪಕಥೆಯಿಲ್ಲ, ಬಣ್ಣವೂ ಇಲ್ಲ. ಒಟ್ಟು ವೆಚ್ಚ ಒಂದು ಲಕ್ಷ ರೂಪಾಯಿಗಿಂತ ಕಡಿಮೆ. ಕಡಿಮೆ ವೆಚ್ಚವೆಂಬುದು ಇಲ್ಲಿ ಕೊರತೆಯಾಗಿ ಉಳಿಯದೆ ಶೈಲಿಯಾಯಿತು ಎಂಬುದನ್ನು ಗುರುತಿಸಬೇಕು. ಪರದೇಶದ ಛಾಯಾಗ್ರಾಹಕನಿಗೆ ಅಗ್ರಹಾರದ ಬದುಕು ಪರಿಚಿತವಾಗಿರಲಿಲ್ಲ. ಆ ಅಪರಿಚಿತತೆಯಿಂದಾಗಿ ಹೊಸ್ತಿಲು, ಅಂಗಳ, ಮಡಿಬಟ್ಟೆ, ಸತ್ತ ಇಲಿ ಇವೆಲ್ಲವೂ ಮೊದಲ ಬಾರಿಗೆ ಕಂಡಂತೆ ತೆರೆಯ ಮೇಲೆ ಕಾಣಿಸಿದವು. ಕಾದಂಬರಿಯಲ್ಲಿ ಪ್ರಾಣೇಶಾಚಾರ್ಯರ ಅಂತರಂಗದ ಸ್ವಗತಕ್ಕೆ ದೊರೆತಿದ್ದ ಪ್ರಾಧಾನ್ಯ ಚಿತ್ರದಲ್ಲಿ ಹೊರಗಿನ ಪರಿಸರಕ್ಕೆ ಹೊರಳಿದೆ. ರೂಪಾಂತರವನ್ನು ಚರ್ಚಿಸುವವರು ಈ ಬದಲಾವಣೆಯನ್ನು ಚಿತ್ರಕಥೆಯಲ್ಲಿ ಮಾತ್ರ ಹುಡುಕಿದರೆ ಸಾಲದು. ಸ್ಥಳ, ವೆಚ್ಚ ಮತ್ತು ತಂತ್ರಜ್ಞರ ಆಯ್ಕೆಯಲ್ಲಿಯೂ ಅದರ ಕಾರಣಗಳಿವೆ.

4. ಮುದ್ರಣಕ್ಕೆ ಇಲ್ಲದ ತಡೆ

ಕಾದಂಬರಿ ಮತ್ತು ಚಲನಚಿತ್ರಗಳ ನಡುವಿನ ಒಂದು ಮೂಲಭೂತ ವ್ಯತ್ಯಾಸವನ್ನು ಸಾಹಿತ್ಯ ವಿಮರ್ಶೆ ಸಾಮಾನ್ಯವಾಗಿ ಮರೆಯುತ್ತದೆ. ಪುಸ್ತಕವನ್ನು ಪ್ರಕಟಿಸಲು ಯಾರ ಪೂರ್ವಾನುಮತಿಯೂ ಬೇಕಿಲ್ಲ. ಚಲನಚಿತ್ರವು 1952ರ ಸಿನಿಮಾಟೋಗ್ರಾಫ್ ಅಧಿನಿಯಮದ ಪ್ರಕಾರ ಪ್ರಮಾಣಪತ್ರವಿಲ್ಲದೆ ಸಾರ್ವಜನಿಕ ಪ್ರದರ್ಶನ ಕಾಣುವಂತಿಲ್ಲ. ಐದು ವರ್ಷಗಳಿಂದ ಅಂಗಡಿಗಳಲ್ಲಿ ಮಾರಾಟವಾಗುತ್ತಿದ್ದ, ತರಗತಿಗಳಲ್ಲಿ ಚರ್ಚೆಯಾಗುತ್ತಿದ್ದ ಅದೇ ಕಥೆಯು ಚಿತ್ರವಾಗಿ ಬಂದಾಗ ಮದ್ರಾಸಿನ ಸೆನ್ಸಾರ್ ಮಂಡಳಿಯು ಅದಕ್ಕೆ ಪ್ರಮಾಣಪತ್ರವನ್ನು ನಿರಾಕರಿಸಿತು. ಜಾತಿಯನ್ನು ಕುರಿತ ಚಿತ್ರದ ನಿಲುವು ಸಮಾಜದಲ್ಲಿ ಉದ್ವೇಗಕ್ಕೆ ಕಾರಣವಾಗಬಹುದೆಂಬುದು ಮಂಡಳಿಯ ಆತಂಕವಾಗಿತ್ತು.

ಇಂಥ ಸಂದರ್ಭದಲ್ಲಿ ಅರ್ಜಿದಾರನಾಗಿರುವವನು ಸಾಮಾನ್ಯವಾಗಿ ನಿರ್ಮಾಪಕನೇ. ಲೇಖಕನಾಗಲಿ ಚಿತ್ರಕಥೆಗಾರನಾಗಲಿ ಆ ಪ್ರಕ್ರಿಯೆಯಲ್ಲಿ ಪಕ್ಷಗಾರರಲ್ಲ. ಆಗಿನ ವ್ಯವಸ್ಥೆಯಲ್ಲಿ ಮಂಡಳಿಯ ತೀರ್ಮಾನದ ವಿರುದ್ಧ ಮೇಲ್ಮನವಿಯನ್ನು ಕೇಂದ್ರ ಸರ್ಕಾರವೇ ಕೇಳುತ್ತಿತ್ತು. ಪ್ರತ್ಯೇಕ ಮೇಲ್ಮನವಿ ನ್ಯಾಯಮಂಡಳಿ ಸ್ಥಾಪನೆಯಾದದ್ದು 1983ರಲ್ಲಿ, ಅದು ರದ್ದಾದದ್ದು 2021ರಲ್ಲಿ. ‘ಸಂಸ್ಕಾರ’ಕ್ಕೆ ವಿಧಿಸಿದ್ದ ತಡೆಯನ್ನು ಕೊನೆಗೆ ಕೇಂದ್ರದ ವಾರ್ತಾ ಮತ್ತು ಪ್ರಸಾರ ಸಚಿವಾಲಯವು ತೆಗೆದುಹಾಕಿತು. ಅದೇ 1970ರ ಸೆಪ್ಟೆಂಬರಿನಲ್ಲಿ ಕೆ. ಎ. ಅಬ್ಬಾಸ್ ಪ್ರಕರಣದಲ್ಲಿ ತೀರ್ಪು ನೀಡಿದ ಸರ್ವೋಚ್ಚ ನ್ಯಾಯಾಲಯವು ಚಲನಚಿತ್ರಗಳ ಪೂರ್ವಪರಿಶೀಲನೆ ಸಂವಿಧಾನಬದ್ಧವೆಂದು ಎತ್ತಿಹಿಡಿಯಿತು. ಜೊತೆಗೆ, ಕಲಾತ್ಮಕ ಮೌಲ್ಯವುಳ್ಳ ಕೃತಿಗಳನ್ನು ವಿವೇಚನೆಯಿಂದ ನೋಡಬೇಕೆಂದೂ ಸೂಚಿಸಿತು. ‘ಸಂಸ್ಕಾರ’ದ ಪ್ರಕರಣವನ್ನು ಈ ಹಿನ್ನೆಲೆಯಲ್ಲಿಟ್ಟು ನೋಡಿದರೆ ಅದು ಒಂದು ಚಿತ್ರದ ಕಥೆಯಷ್ಟೇ ಆಗಿ ಉಳಿಯುವುದಿಲ್ಲ. ಸಾಹಿತ್ಯಕ್ಕೆ ದೊರೆತ ಸ್ವಾತಂತ್ರ್ಯ ಅದೇ ಸಾಹಿತ್ಯದ ಚಿತ್ರರೂಪಕ್ಕೆ ಏಕೆ ದೊರೆಯುವುದಿಲ್ಲ ಎಂಬ ಪ್ರಶ್ನೆಯನ್ನು ಅದು ಕನ್ನಡದಲ್ಲಿ ಎತ್ತಿತು. ಇದಕ್ಕೆ ಒಂದು ಕಾರಣ ಸ್ಪಷ್ಟ. ಪುಸ್ತಕವನ್ನು ಓದಲು ಅಕ್ಷರ ಬಲ್ಲವನಾಗಿರಬೇಕು. ಚಿತ್ರವನ್ನು ಅಕ್ಷರ ಬಾರದವನೂ ನೋಡಬಲ್ಲ. ಅಗ್ರಹಾರದ ಒಳಗುಟ್ಟು ಅಕ್ಷರಸ್ಥರ ನಡುವೆ ಇರುವವರೆಗೆ ಸಹ್ಯವಾಗಿತ್ತು.

1970ನೆಯ ಸಾಲಿನ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ‘ಸಂಸ್ಕಾರ’ ಅತ್ಯುತ್ತಮ ಕಥಾಚಿತ್ರವೆಂದು ಆಯ್ಕೆಯಾಯಿತು. ಈ ಗೌರವ ಪಡೆದ ಮೊದಲ ಕನ್ನಡ ಚಿತ್ರ ಅದು. ಪ್ರಮಾಣಪತ್ರಕ್ಕೇ ಅನರ್ಹವೆನಿಸಿದ್ದ ಚಿತ್ರಕ್ಕೆ ದೇಶದ ಅತ್ಯುನ್ನತ ಪ್ರಶಸ್ತಿ ಬಂದಿತು. ಎರಡೂ ತೀರ್ಮಾನಗಳು ಪ್ರಭುತ್ವದ ಅಂಗಗಳಿಂದಲೇ ಹೊರಟವು. ಸ್ವತಂತ್ರ ನಿರ್ಮಾಪಕನು ವಿತರಕನಿಂದ ಮುಕ್ತನಾದರೂ ಪ್ರಭುತ್ವದಿಂದ ಮುಕ್ತನಲ್ಲ ಎಂಬುದಕ್ಕೆ ಇದೊಂದು ನಿದರ್ಶನ.

5. ಚಿತ್ರ ತಲುಪುವ ದಾರಿ

ಪ್ರಶಸ್ತಿ ದೊರೆತ ಮಾತ್ರಕ್ಕೆ ಚಿತ್ರ ಪ್ರೇಕ್ಷಕರನ್ನು ತಲುಪುವುದಿಲ್ಲ. ಇದನ್ನು ಅರಿಯಲು ಚಿತ್ರ ವ್ಯಾಪಾರದ ಭೂಪಟವನ್ನು ಗಮನಿಸಬೇಕು. ರಾಜ್ಯಗಳ ಪುನರ್ವಿಂಗಡಣೆ 1956ರಲ್ಲಿ ಆಯಿತಾದರೂ ಚಲನಚಿತ್ರ ವಿತರಣೆಯ ವಲಯಗಳು ಹಳೆಯ ರಾಜಕೀಯ ಗಡಿಗಳನ್ನೇ ಉಳಿಸಿಕೊಂಡವು. ಹಳೆಯ ಮೈಸೂರಿನ ಜಿಲ್ಲೆಗಳು ‘ಮೈಸೂರು’ ವಲಯಕ್ಕೂ, ಧಾರವಾಡ, ಬೆಳಗಾವಿಗಳ ಕಡೆಯ ಪ್ರದೇಶ ‘ಬೊಂಬಾಯಿ’ ವಲಯಕ್ಕೂ, ಬೀದರ್, ಕಲಬುರಗಿ, ರಾಯಚೂರುಗಳು ‘ನಿಜಾಮ್’ ವಲಯಕ್ಕೂ ಸೇರಿದ್ದವು. ಒಂದು ರಾಜ್ಯ, ಒಂದು ಭಾಷೆ ಎಂಬುದು ಆಡಳಿತದ ಮಟ್ಟಿಗೆ ನಿಜವಾಗಿದ್ದರೂ ಕನ್ನಡ ಚಿತ್ರವೊಂದನ್ನು ಇಡೀ ಕರ್ನಾಟಕಕ್ಕೆ ಮುಟ್ಟಿಸಬಯಸುವ ನಿರ್ಮಾಪಕನು ಬೇರೆ ಬೇರೆ ವಲಯಗಳ ವಿತರಕರೊಂದಿಗೆ ಬೇರೆ ಬೇರೆಯಾಗಿ ವ್ಯವಹರಿಸಬೇಕಾಗಿತ್ತು.

ಆಳಂದ ತಾಲ್ಲೂಕಿನ ಗಡಿಗ್ರಾಮವಾದ ಹಿರೋಳ್ಳಿಯನ್ನು ಉದಾಹರಣೆಗೆ ತೆಗೆದುಕೊಳ್ಳಬಹುದು. ಇಲ್ಲಿಂದ ಮುಂದೆ ಮಹಾರಾಷ್ಟ್ರದ ಅಕ್ಕಲಕೋಟ ತಾಲ್ಲೂಕು. ಗಡಿಯ ಎರಡೂ ಬದಿಗಳಲ್ಲಿ ಕನ್ನಡ ಮಾತನಾಡುವವರಿದ್ದಾರೆ, ಬೀಗತನಗಳಿವೆ, ಸಂತೆಯ ವ್ಯವಹಾರವಿದೆ. ಆದರೆ ಚಿತ್ರ ವ್ಯಾಪಾರದ ಭೂಪಟದಲ್ಲಿ ಒಂದು ಬದಿ ನಿಜಾಮ್ ವಲಯ, ಇನ್ನೊಂದು ಬದಿ ಬೊಂಬಾಯಿ ವಲಯ. ಆಳಂದ, ಅಫಜಲಪುರ, ಜೇವರ್ಗಿಗಳ ಸೀಮೆಯ ಪ್ರೇಕ್ಷಕನಿಗೆ ಹಿಂದಿ ಚಿತ್ರ ಸುಲಭವಾಗಿ ದೊರೆಯುತ್ತಿತ್ತು. ತಾರೆಯರಿಲ್ಲದ ಕನ್ನಡ ಚಿತ್ರವನ್ನು ಇಷ್ಟು ದೂರ ತರುವ ಆರ್ಥಿಕ ಕಾರಣ ಯಾವ ವಿತರಕನಿಗೂ ಇರಲಿಲ್ಲ. ಸಾಹಿತ್ಯ ಕೃತಿಯೊಂದು ಪುಸ್ತಕದ ರೂಪದಲ್ಲಿ ಕಾಲೇಜಿನ ಗ್ರಂಥಾಲಯದ ಮೂಲಕ ತಲುಪಬಹುದಾದ ಊರಿಗೆ ಅದರ ಚಿತ್ರರೂಪ ತಲುಪಲಾರದೆ ಹೋಗುವುದು ಹೀಗೆ. ಅಕ್ಷರ ಬಾರದವನೂ ನೋಡಬಲ್ಲನೆಂಬ ಕಾರಣಕ್ಕೆ ಸೆನ್ಸಾರ್ ಮಂಡಳಿ ಅಂಜಿದ ಚಿತ್ರವು ಆ ಪ್ರೇಕ್ಷಕನಿಗೆ ವ್ಯಾಪಾರದ ಕಾರಣದಿಂದಾಗಿಯೇ ದೂರವುಳಿಯುತ್ತಿತ್ತು.

ಇದಕ್ಕೆ ಪರ್ಯಾಯವಾಗಿ ಬೆಳೆದವು ಚಿತ್ರಸಮಾಜಗಳು. ಬೆಂಗಳೂರಿನ ಸುಚಿತ್ರ ಫಿಲ್ಮ್ ಸೊಸೈಟಿ ಆರಂಭವಾದದ್ದು 1971ರಲ್ಲಿ. ಆದರೆ ಚಿತ್ರಸಮಾಜಗಳ ಚಟುವಟಿಕೆ ಬಹುಮಟ್ಟಿಗೆ ನಗರಗಳಿಗೆ ಸೀಮಿತವಾಗಿತ್ತು. 1980ರ ದಶಕದಲ್ಲಿ ದೂರದರ್ಶನವು ಭಾನುವಾರದ ಮಧ್ಯಾಹ್ನಗಳಲ್ಲಿ ಪ್ರಾದೇಶಿಕ ಭಾಷೆಗಳ ಪ್ರಶಸ್ತಿ ವಿಜೇತ ಚಿತ್ರಗಳನ್ನು ಪ್ರಸಾರ ಮಾಡತೊಡಗಿದಾಗ ಸಣ್ಣ ಊರುಗಳ ನೋಡುಗರಿಗೂ ಅವು ಎಟುಕುವಂತಾದವು. ಸ್ವತಂತ್ರ ನಿರ್ಮಾಪಕನ ಉಪಕ್ರಮ ಚಿತ್ರ ಮುಗಿಯುವವರೆಗೆ ಅವನ ಕೈಯಲ್ಲಿರುತ್ತದೆ. ಚಿತ್ರ ಯಾರನ್ನು ತಲುಪುತ್ತದೆ ಎಂಬುದು ಅವನ ಕೈಮೀರಿದ್ದು.

6. ತುರ್ತುಪರಿಸ್ಥಿತಿ ಮತ್ತು ‘ಚಂಡಮಾರುತ’

1975ರ ಜೂನ್ 25ರಂದು ದೇಶದಲ್ಲಿ ತುರ್ತುಪರಿಸ್ಥಿತಿ ಘೋಷಣೆಯಾಯಿತು. ರೆಡ್ಡಿ ದಂಪತಿಗಳು ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸ್ ಅವರಿಗೆ ಆಪ್ತರಾಗಿದ್ದರು. ಬರೋಡಾ ಡೈನಮೈಟ್ ಪ್ರಕರಣದ ತನಿಖೆಯ ಸಂಬಂಧದಲ್ಲಿ ಸ್ನೇಹಲತಾ ಅವರನ್ನು 1976ರ ಮೇ 2ರಂದು ಬಂಧಿಸಲಾಯಿತು. ಆಂತರಿಕ ಭದ್ರತಾ ಕಾಯಿದೆಯಡಿ ಅವರನ್ನು ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿ ಇರಿಸಲಾಗಿತ್ತು. ತೀವ್ರ ಅಸ್ತಮಾದಿಂದ ಬಳಲುತ್ತಿದ್ದ ಅವರ ಆರೋಗ್ಯ ಸೆರೆಮನೆಯಲ್ಲಿ ಹದಗೆಟ್ಟಿತು. ಪ್ರಕರಣದ ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರು ಇರಲಿಲ್ಲ. 1977ರ ಜನವರಿ 15ರಂದು ಪೆರೋಲಿನ ಮೇಲೆ ಬಿಡುಗಡೆಯಾದ ಅವರು ಜನವರಿ 20ರಂದು ನಿಧನರಾದರು. ಅದಕ್ಕೆ ಎರಡು ದಿನಗಳ ಹಿಂದೆ, ಜನವರಿ 18ರಂದು, ಪ್ರಧಾನಿ ಇಂದಿರಾ ಗಾಂಧಿಯವರು ಲೋಕಸಭೆಗೆ ಚುನಾವಣೆಯನ್ನು ಪ್ರಕಟಿಸಿದ್ದರು. ಸೆರೆಮನೆಯಲ್ಲಿ ಸ್ನೇಹಲತಾ ಬರೆದ ದಿನಚರಿ ಅವರ ಮರಣಾನಂತರ ಪ್ರಕಟವಾಯಿತು.

ಪಟ್ಟಾಭಿರಾಮ ರೆಡ್ಡಿಯವರ ಎರಡನೆಯ ಕನ್ನಡ ಚಿತ್ರ ‘ಚಂಡಮಾರುತ’ ತೆರೆಕಂಡದ್ದು ಅದೇ 1977ರಲ್ಲಿ. ಅದಕ್ಕೆ ಆಧಾರ ಪಿ. ಲಂಕೇಶರ ‘ಕ್ರಾಂತಿ ಬಂತು ಕ್ರಾಂತಿ’ ನಾಟಕ. ಮೊದಲ ಚಿತ್ರದಲ್ಲಿ ನಾರಣಪ್ಪನಾಗಿ ನಟಿಸಿದ್ದ ಲೇಖಕನ ಕೃತಿಯೇ ಎರಡನೆಯ ಚಿತ್ರಕ್ಕೆ ವಸ್ತುವಾಯಿತು. ‘ಸಂಸ್ಕಾರ’ದಲ್ಲಿ ಧರ್ಮ ಮತ್ತು ಜಾತಿಯ ಅಧಿಕಾರ ಪ್ರಶ್ನೆಗೊಳಗಾಗಿದ್ದರೆ ‘ಚಂಡಮಾರುತ’ದಲ್ಲಿ ರಾಜಕೀಯ ಅಧಿಕಾರ ಮತ್ತು ಅದರ ವಿರುದ್ಧದ ಬಂಡಾಯದ ಸ್ವರೂಪ ಚರ್ಚೆಗೆ ಬಂದವು. ಮೊದಲ ಚಿತ್ರಕ್ಕೆ ದೊರೆತಷ್ಟು ಮನ್ನಣೆಯಾಗಲಿ ಚರ್ಚೆಯಾಗಲಿ ಇದಕ್ಕೆ ದೊರೆಯಲಿಲ್ಲ. ಆದರೂ ಕನ್ನಡದಲ್ಲಿ ತುರ್ತುಪರಿಸ್ಥಿತಿಯ ಸಾಂಸ್ಕೃತಿಕ ಇತಿಹಾಸವನ್ನು ಬರೆಯುವವರು ಈ ಚಿತ್ರವನ್ನೂ ಸ್ನೇಹಲತಾ ಅವರ ದಿನಚರಿಯನ್ನೂ ಒಟ್ಟಿಗೆ ಇಟ್ಟು ನೋಡಬೇಕಾಗಿದೆ.

ವೈಯಕ್ತಿಕ ದುರಂತವನ್ನು ವೃತ್ತಿಜೀವನದ ವಿವೇಚನೆಯಲ್ಲಿ ತರುವುದು ಉಚಿತವೇ ಎಂಬ ಪ್ರಶ್ನೆ ಇಲ್ಲಿ ಏಳಬಹುದು. ಆದರೆ ರಾಮಮನೋಹರ ಚಿತ್ರ ಸಂಸ್ಥೆಯ ಮಟ್ಟಿಗೆ ಮನೆ, ರಂಗತಂಡ, ರಾಜಕೀಯ ಬಳಗ, ಚಿತ್ರಸಂಸ್ಥೆ ಇವು ಬೇರೆ ಬೇರೆಯಾಗಿರಲಿಲ್ಲ. ಲೋಹಿಯಾವಾದವೇ ಆ ಸಂಸ್ಥೆಗೆ ಹೆಸರು ಕೊಟ್ಟಿತ್ತು. ಆ ಚಿತ್ರದ ಚಂದ್ರಿಯೇ ಅದೇ ರಾಜಕೀಯ ನಿಷ್ಠೆಗಾಗಿ ಸೆರೆಮನೆ ಸೇರಿದರು. ಕಾನೂನು ‘ಹೊಣೆ’ ಎಂದು ಕರೆಯುವ ಪದದ ಅರ್ಥವು ಲೆಕ್ಕಪತ್ರದ ನಷ್ಟಕ್ಕೆ ಸೀಮಿತವಾಗಿ ಉಳಿಯಲಿಲ್ಲ.

7. ನಂತರದ ಚಿತ್ರಗಳು ಮತ್ತು ಪರಂಪರೆ

‘ಚಂಡಮಾರುತ’ದ ನಂತರ ಪಟ್ಟಾಭಿರಾಮ ರೆಡ್ಡಿಯವರು ‘ಶೃಂಗಾರ ಮಾಸ’ (1984) ಮತ್ತು ‘ದೇವರ ಕಾಡು’ (1993) ಚಿತ್ರಗಳನ್ನು ಮಾಡಿದರು. ಕೊನೆಯದಕ್ಕೆ ಪರಿಸರ ಸಂರಕ್ಷಣೆಯನ್ನು ಕುರಿತ ಅತ್ಯುತ್ತಮ ಚಿತ್ರವೆ೦ಬ ರಾಷ್ಟ್ರೀಯ ಪ್ರಶಸ್ತಿ ದೊರೆಯಿತು. 1970ರಿಂದ 1993ರವರೆಗಿನ ಇಪ್ಪತ್ತಮೂರು ವರ್ಷಗಳಲ್ಲಿ ನಾಲ್ಕು ಕನ್ನಡ ಚಿತ್ರಗಳು. ಉದ್ಯಮದ ಅಳತೆಗೋಲಿನಲ್ಲಿ ಇದು ಅಲ್ಪ ಸಾಧನೆ. ಆದರೆ ಪ್ರತಿಯೊಂದು ಚಿತ್ರವನ್ನೂ ಮೊದಲಿನಿಂದ ಕಟ್ಟಬೇಕಾದ ಸ್ವತಂತ್ರ ನಿರ್ಮಾಪಕನಿಗೆ ಈ ಅಂತರಗಳು ಅಸಹಜವಲ್ಲ. ಅವರು 2006ರ ಮೇ ತಿಂಗಳಲ್ಲಿ ಬೆಂಗಳೂರಿನಲ್ಲಿ ನಿಧನರಾದರು.

ಅವರು ತೆರೆದ ದಾರಿಯಲ್ಲಿ ಬೇರೆ ಬೇರೆ ಬಗೆಯ ನಿರ್ಮಾಪಕರು ನಡೆದರು. ವೃತ್ತಿರಂಗಭೂಮಿ ಮತ್ತು ವಾಣಿಜ್ಯ ಚಿತ್ರರಂಗಗಳಿಂದ ಬಂದ ಜಿ. ವಿ. ಅಯ್ಯರ್ ಅವರು ಎಸ್. ಎಲ್. ಭೈರಪ್ಪನವರ ಕಾದಂಬರಿ ಆಧರಿಸಿದ ‘ವಂಶವೃಕ್ಷ’ವನ್ನು ನಿರ್ಮಿಸಿ, ಅದರ ನಿರ್ದೇಶನವನ್ನು ಕಾರ್ನಾಡ ಮತ್ತು ಬಿ. ವಿ. ಕಾರಂತರಿಗೆ ವಹಿಸಿದರು. ಮುಂಬಯಿಯ ಕನ್ನಡ ರಂಗಭೂಮಿಯಲ್ಲಿ ದುಡಿದ, ಮೂಲ್ಕಿಯ ಸದಾನಂದ ಸುವರ್ಣರು ಪುಣೆಯ ಸಂಸ್ಥೆಯಿಂದ ಆಗಷ್ಟೇ ಹೊರಬಂದಿದ್ದ ಗಿರೀಶ ಕಾಸರವಳ್ಳಿಯವರನ್ನು ನಂಬಿ ‘ಘಟಶ್ರಾದ್ಧ’ವನ್ನು (1977) ನಿರ್ಮಿಸಿದರು. ಅದಕ್ಕೂ ಅನಂತಮೂರ್ತಿಯವರ ಕಥೆಯೇ ಆಧಾರ. ಸುವರ್ಣರು ಜುಲೈ 2024ರಲ್ಲಿ ನಿಧನರಾದರು. ಅದಾದ ಕೆಲವೇ ವಾರಗಳಲ್ಲಿ ‘ಘಟಶ್ರಾದ್ಧ’ದ ಪುನರುಜ್ಜೀವಿತ ಪ್ರತಿಯು ವೆನಿಸ್ ಚಲನಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು.

ಸ್ವರ್ಣಕಮಲ ಪಡೆದ ಕನ್ನಡ ಕಥಾಚಿತ್ರಗಳ ಸಾಲನ್ನು ಇಲ್ಲಿ ಗಮನಿಸಬಹುದು. ‘ಸಂಸ್ಕಾರ’ (1970), ‘ಚೋಮನ ದುಡಿ’ (1975), ‘ಘಟಶ್ರಾದ್ಧ’ (1977), ‘ತಬರನ ಕಥೆ’ (1986), ‘ತಾಯಿ ಸಾಹೇಬ’ (1997), ‘ದ್ವೀಪ’ (2001) ಇವೆಲ್ಲವೂ ಕನ್ನಡದ ಕಥೆ, ಕಾದಂಬರಿಗಳನ್ನು ಆಧರಿಸಿದವು. ‘ತಾಯಿ ಸಾಹೇಬ’ವನ್ನು ನಿರ್ಮಿಸಿದವರು ನಟಿ ಜಯಮಾಲಾ, ‘ದ್ವೀಪ’ವನ್ನು ನಿರ್ಮಿಸಿದವರು ನಟಿ ಸೌಂದರ್ಯ. ಇಬ್ಬರೂ ಈ ಚಿತ್ರಗಳಲ್ಲಿ ಪ್ರಧಾನ ಪಾತ್ರವನ್ನೂ ವಹಿಸಿದರು. ವಾಣಿಜ್ಯ ಚಿತ್ರಗಳಲ್ಲಿ ಗಳಿಸಿದ್ದನ್ನು ಕಲಾವಿದೆಯರು ತಮಗೆ ಬೇಕಾದ ಪಾತ್ರ ಮತ್ತು ಕೃತಿಗಾಗಿ ತೊಡಗಿಸಿದ ಈ ನಿದರ್ಶನಗಳು ಸ್ವತಂತ್ರ ನಿರ್ಮಾಣದ ಮತ್ತೊಂದು ಮಾದರಿಯನ್ನು ತೋರಿಸುತ್ತವೆ.

ಈ ಪರಂಪರೆಯ ಮಿತಿಯನ್ನೂ ಹೇಳಬೇಕು. ಪಟ್ಟಾಭಿರಾಮ ರೆಡ್ಡಿಯವರ ಸ್ವಾತಂತ್ರ್ಯಕ್ಕೆ ಅವರ ಕುಟುಂಬದ ಅನುಕೂಲ ಸ್ಥಿತಿ ಆಧಾರವಾಗಿತ್ತು. ನಷ್ಟವನ್ನು ತಡೆದುಕೊಳ್ಳುವ ಶಕ್ತಿಯಿಲ್ಲದವರಿಗೆ ಇಂಥ ಸ್ವಾತಂತ್ರ್ಯ ಲಭ್ಯವಿರಲಿಲ್ಲ. ರಾಜ್ಯ ಸರ್ಕಾರದ ಸಹಾಯಧನ, 1960ರಲ್ಲಿ ಸ್ಥಾಪನೆಯಾದ ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ನಿನ ಸಾಲ ಮುಂತಾದವು ಈ ಕೊರತೆಯನ್ನು ತುಂಬಲು ಯತ್ನಿಸಿದವು. ಆದರೆ ಯಾರು ಚಿತ್ರ ಮಾಡಬಲ್ಲರು ಎಂಬುದು ಯಾರ ಕಥೆ ಚಿತ್ರವಾಗುತ್ತದೆ ಎಂಬುದನ್ನೂ ನಿರ್ಧರಿಸುತ್ತದೆ. ‘ಸಂಸ್ಕಾರ’ದಲ್ಲಿ ಅಗ್ರಹಾರದ ಬಿಕ್ಕಟ್ಟು ಮುನ್ನೆಲೆಯಲ್ಲಿದ್ದು, ಅದೇ ಪ್ಲೇಗಿಗೆ ತುತ್ತಾಗುವ ಹೊಲಗೇರಿಯ ಬದುಕು ಹಿನ್ನೆಲೆಯಲ್ಲಿ ಉಳಿಯುತ್ತದೆ. ಈ ಆಕ್ಷೇಪವನ್ನು ಕಾದಂಬರಿಗೆ ಎಷ್ಟು ಹೇಳಬಹುದೋ ಅದನ್ನು ಚಿತ್ರಕ್ಕೂ ಅಷ್ಟೇ ಹೇಳಬಹುದು.

8. ಸಮಾರೋಪ

ಪಟ್ಟಾಭಿರಾಮ ರೆಡ್ಡಿಯವರ ವೃತ್ತಿಜೀವನದ ಈ ಪರಿಶೀಲನೆಯಿಂದ ಮೂರು ಸಂಗತಿಗಳು ಸ್ಪಷ್ಟವಾಗುತ್ತವೆ. ಒಂದು, ಸಾಹಿತ್ಯ ಕೃತಿಯ ಚಿತ್ರರೂಪದಲ್ಲಿ ಕಾಣುವ ಬದಲಾವಣೆಗಳಲ್ಲಿ ಹಲವು ನಿರ್ಮಾಣದ ಹಂತದ ಆಯ್ಕೆಗಳಿಂದ ಹುಟ್ಟಿದವು. ಸ್ಥಳ, ವೆಚ್ಚ, ತಂತ್ರಜ್ಞರ ಹಿನ್ನೆಲೆ ಇವುಗಳನ್ನು ಪರಿಗಣಿಸದ ತೌಲನಿಕ ಅಧ್ಯಯನ ಅಪೂರ್ಣವಾಗುತ್ತದೆ. ಎರಡು, ಪ್ರಮಾಣಪತ್ರ ಮತ್ತು ವಿತರಣೆಯ ವ್ಯವಸ್ಥೆಗಳು ಕೃತಿಯ ಅರ್ಥಕ್ಕೆ ಹೊರಗಿನವಲ್ಲ. ಕೃತಿ ಯಾರ ನಡುವೆ ಅರ್ಥ ಪಡೆಯಬೇಕು, ಯಾರಿಂದ ದೂರವಿರಬೇಕು ಎಂಬುದನ್ನು ಅವು ನಿರ್ಧರಿಸುತ್ತವೆ. ಮೂರು, ಸ್ವತಂತ್ರ ನಿರ್ಮಾಪಕನೆಂಬುದು ಕೇವಲ ಆರ್ಥಿಕ ವರ್ಗವಲ್ಲ, ಅದೊಂದು ಸಾಂಸ್ಕೃತಿಕ ಪಾತ್ರ.

ಕನ್ನಡ ಸಂಶೋಧನೆಗೆ ಇಲ್ಲಿ ಮಾಡಬೇಕಾದ ಕೆಲಸ ಸಾಕಷ್ಟಿದೆ. ಹಸ್ತಪ್ರತಿಗಳನ್ನು ಸಂಗ್ರಹಿಸಿದ, ಪಾಠಾಂತರಗಳನ್ನು ಗುರುತಿಸಿದ, ಪ್ರತಿಕಾರರ ಹೆಸರುಗಳನ್ನೂ ದಾಖಲಿಸಿದ ಶಿಸ್ತು ಕನ್ನಡ ವಿಭಾಗಗಳಿಗೆ ಹೊಸದೇನಲ್ಲ. ಚಿತ್ರಕಥೆಯ ಕರಡುಗಳು, ಸೆನ್ಸಾರ್ ಪತ್ರವ್ಯವಹಾರ, ವಿತರಣೆಯ ಕರಾರುಗಳು, ವೆಚ್ಚದ ಲೆಕ್ಕಗಳು, ಗಡಿಯ ಊರುಗಳ ಪ್ರದರ್ಶಕರ ನೆನಪುಗಳು ಇವೂ ಅದೇ ಶಿಸ್ತನ್ನು ಬೇಡುವ ಆಕರಗಳು. ‘ಸಂಸ್ಕಾರ’ ಚಿತ್ರವನ್ನು ಮಾಡಿದವರಲ್ಲಿ ಪ್ರಮುಖರಾದ ಪಟ್ಟಾಭಿರಾಮ ರೆಡ್ಡಿ 2006ರಲ್ಲಿ, ಗಿರೀಶ ಕಾರ್ನಾಡ 2019ರಲ್ಲಿ, ರಾಜೀವ ತಾರಾನಾಥ 2024ರಲ್ಲಿ ನಿಧನರಾದರು. ಹೇಳಬಲ್ಲವರು ಒಬ್ಬೊಬ್ಬರಾಗಿ ಇಲ್ಲವಾಗುತ್ತಿರುವಾಗ ಈ ಆಕರಗಳ ಸಂಗ್ರಹವನ್ನು ಮುಂದೂಡುವಂತಿಲ್ಲ.